ಅಮ್ಮನ ಒಂದು ಗಂಟೆ ಯಾರ ಖಾತೆಗೆ?

ಹೊರಗೆ ಮಳೆ. ಅಂಗಡಿಯಲ್ಲಿ ಗಿರಾಕಿಗಳಿಲ್ಲ, ಕೆಲಸದ ಹುಡುಗನಿಗೆ ಅವತ್ತು ರಜೆ. ಕ್ಷೌರಿಕ ಫೂಸಿ ಬಾಗಿಲಲ್ಲಿ ನಿಂತು, ಕತ್ತರಿ ಆಡಿಸುವುದರಲ್ಲೇ ಆಯುಷ್ಯ ಮುಗಿಯುತ್ತಿದೆಯಲ್ಲ ಎಂದು ಹಳಹಳಿಸುತ್ತಿರುವಾಗ ಬೂದು ಬಣ್ಣದ ಕಾರೊಂದು ಬಂದು ನಿಲ್ಲುತ್ತದೆ. ಇಳಿದವನ ಸೂಟು ಬೂದು, ಹ್ಯಾಟು ಬೂದು, ಕೈಯಲ್ಲಿರುವ ಬ್ಯಾಗೂ ಬೂದು, ತುಟಿಯಲ್ಲಿ ಸಣ್ಣದೊಂದು ಬೂದು ಸಿಗಾರ್. ‘ಸಮಯ ಉಳಿತಾಯ ಬ್ಯಾಂಕ್’ನ ಏಜೆಂಟ್, ಸಂಖ್ಯೆ ಎಕ್ಸ್‌ವೈಕ್ಯೂ/384/ಬಿ ಎಂದು ಪರಿಚಯ ಹೇಳಿಕೊಳ್ಳುತ್ತಾನೆ. ಅವನು ಒಳಗೆ ಬಂದದ್ದೇ ಅಂಗಡಿ ತಣ್ಣಗಾಗುತ್ತದೆ.

ಜರ್ಮನಿಯ ಮಿಖಾಯೆಲ್ ಎಂಡೆ 1973ರಲ್ಲಿ ಪ್ರಕಟಿಸಿದ ‘ಮೊಮೊ’ ಕಾದಂಬರಿಯ ಪ್ರಸಂಗ ಇದು. ಮರುವರ್ಷ ಅದಕ್ಕೆ ಜರ್ಮನಿಯ ಮಕ್ಕಳ ಸಾಹಿತ್ಯ ಪ್ರಶಸ್ತಿ ಬಂತು. ಹೆಸರಿಗೆ ಮಕ್ಕಳ ಪುಸ್ತಕ. ಆದರೆ ಬ್ಯಾಂಕು, ವಿಮೆ, ಚೀಟಿ ಎಂದು ಒಂದಲ್ಲ ಒಂದು ಏಜೆಂಟರ ಎದುರು ಕೂತು ತಲೆಯಾಡಿಸಿದ ದೊಡ್ಡವರಿಗೆ ಈ ಅಧ್ಯಾಯ ಮಕ್ಕಳಿಗಿಂತ ಚೆನ್ನಾಗಿ ಅರ್ಥವಾಗುತ್ತದೆ. ಆಯುಷ್ಯವನ್ನು ಕೊಡುವ, ಕೊಳ್ಳುವ, ಒತ್ತೆ ಇಡುವ ಕಥೆಗಳು ಎಲ್ಲ ನಾಡಿನಲ್ಲೂ ಇವೆ. ಅವುಗಳಲ್ಲಿ ಹೆಚ್ಚಿನವು ರಾಜ, ಋಷಿ, ಪಿಶಾಚಿಗಳ ಮಟ್ಟದಲ್ಲಿ ನಡೆಯುತ್ತವೆ. ಎಂಡೆ ಅದನ್ನು ಗಲ್ಲಿಯ ಕ್ಷೌರದಂಗಡಿಗೆ ತಂದು, ಒಂದು ಊರಿಗೆ ಊರೇ ಅದಕ್ಕೆ ಬಿದ್ದರೆ ಏನಾಗುತ್ತದೆ ಎಂದು ತೋರಿಸಿದ.

ಏಜೆಂಟ್ ಮಾಡುವ ಮೊದಲ ಕೆಲಸ ಲೆಕ್ಕ. ಅಂಗಡಿಯ ಕನ್ನಡಿಯ ಮೇಲೇ ಬರೆಯುತ್ತ ಹೋಗುತ್ತಾನೆ. ವರ್ಷಕ್ಕೆ 3,15,36,000 ಸೆಕೆಂಡು. ಎಪ್ಪತ್ತು ವರ್ಷ ಬದುಕಿದರೆ 220 ಕೋಟಿ 75 ಲಕ್ಷ 20 ಸಾವಿರ. ಇದು ನಿಮ್ಮ ಆಸ್ತಿ ಎನ್ನುತ್ತಾನೆ. ಫೂಸಿಗೆ ಒಂದು ಕ್ಷಣ ತಾನು ಸಾಹುಕಾರ ಎನಿಸುತ್ತದೆ. ಆಮೇಲೆ ಖರ್ಚಿನ ಬಾಬತ್ತು. ಫೂಸಿಗೆ ವಯಸ್ಸು 42, ಅಂದರೆ ಇದುವರೆಗೆ ಕೈಗೆ ಬಂದದ್ದು 132 ಕೋಟಿ 45 ಲಕ್ಷ 12 ಸಾವಿರ ಸೆಕೆಂಡು. ನಿದ್ದೆಗೆ ದಿನಕ್ಕೆ ಎಂಟು ಗಂಟೆ, ಕಳೆಯಿರಿ. ಕೆಲಸಕ್ಕೆ ಎಂಟು ಗಂಟೆ, ಅದನ್ನೂ ಕಳೆಯಿರಿ. ಊಟಕ್ಕೆ ಎರಡು. ಮುದಿ ತಾಯಿಯ ಜತೆ ಕೂತು ಮಾತಾಡುವುದಕ್ಕೆ ಒಂದು ಗಂಟೆ. ಆಕೆಗೆ ಕಿವಿ ಕೇಳಿಸುವುದೇ ಇಲ್ಲವೆನ್ನಬಹುದು, ಆದರೂ ಇವನು ಮಾತಾಡುತ್ತಾನೆ. ಆ ಬಾಬತ್ತಿಗೆ 5 ಕೋಟಿ 51 ಲಕ್ಷ 88 ಸಾವಿರ. ಸಾಕಿದ ಪುಟ್ಟ ಗಿಳಿಗೆ ಕಾಲು ಗಂಟೆ. ಅಂಗಡಿ ಮುಂಗಟ್ಟು ತಿರುಗಲು ಒಂದು ಗಂಟೆ. ಗೆಳೆಯರು, ಹಾಡಿನ ಮೇಳ, ಹರಟೆ ಎಲ್ಲ ಸೇರಿ ಮೂರು. ಗಾಲಿಕುರ್ಚಿಯಲ್ಲಿರುವ ಡಾರಿಯಾ ಎಂಬಾಕೆಗೆ ದಿನಾ ಒಂದು ಹೂ ಒಯ್ದು ಕೊಟ್ಟು ಬರುವುದಕ್ಕೆ ಅರ್ಧ ಗಂಟೆ. ಈ ಗುಟ್ಟು ಯಾರಿಗೂ ಗೊತ್ತಿಲ್ಲವೆಂದು ಫೂಸಿ ನಂಬಿದ್ದ. ರಾತ್ರಿ ಕಿಟಕಿಯ ಬಳಿ ಸುಮ್ಮನೆ ಕೂರುವುದಕ್ಕೆ ಕಾಲು ಗಂಟೆ. ಎಲ್ಲ ಕೂಡಿಸಿ ಕಳೆದರೆ ಉಳಿಕೆ ಸೊನ್ನೆ.

ಇಲ್ಲಿ ಕೂಡುವ ಕಳೆಯುವ ಲೆಕ್ಕದಲ್ಲಿ ತಪ್ಪಿಲ್ಲ, ಬೇಕಿದ್ದರೆ ಕಾಗದದ ಮೇಲೆ ಮಾಡಿ ನೋಡಬಹುದು. ಬಾಬತ್ತುಗಳು ದಿನದ ಇಪ್ಪತ್ತನಾಲ್ಕು ಗಂಟೆಯನ್ನೂ ತುಂಬುತ್ತವೆ. ಮೋಸ ಇರುವುದು ಶೀರ್ಷಿಕೆಯಲ್ಲಿ. ಬದುಕಿದ್ದನ್ನೆಲ್ಲ ‘ಖರ್ಚು’ ಎಂದು ಬರೆದುಕೊಂಡರೆ ಯಾರ ಉಳಿಕೆಯೂ ಸೊನ್ನೆಯೇ.

ಬಡ್ಡಿಯ ಮಾತು ಬರುವಾಗ ಮಾತ್ರ ಕೈಚಳಕ ಲೆಕ್ಕದೊಳಗೇ ನುಗ್ಗುತ್ತದೆ. ಐದು ವರ್ಷ ಮುಟ್ಟದೆ ಇಟ್ಟರೆ ಠೇವಣಿ ದುಪ್ಪಟ್ಟು, ಹತ್ತು ವರ್ಷಕ್ಕೆ ನಾಲ್ಕು ಪಟ್ಟು. ದಿನಕ್ಕೆ ಎರಡು ಗಂಟೆಯಂತೆ ನಲವತ್ತು ವರ್ಷ ಉಳಿಸಿದರೆ 10,51,20,000 ಸೆಕೆಂಡು. ಅದನ್ನು ಎಂಟು ಸಲ ದುಪ್ಪಟ್ಟು ಮಾಡಿ 2,691 ಕೋಟಿ 7 ಲಕ್ಷ 20 ಸಾವಿರ ಎಂದು ಏಜೆಂಟ್ ಮುಂದಿಡುತ್ತಾನೆ. ಒಂದು ಜೀವಮಾನದ ಹತ್ತು ಪಟ್ಟಿಗೂ ಮೇಲೆ, ಎಂಟುನೂರೈವತ್ತು ವರ್ಷಕ್ಕಿಂತ ಹೆಚ್ಚು. ಸ್ವಲ್ಪ ನಿಂತು ನೋಡಿ. ನಲವತ್ತು ವರ್ಷ ದಿನದಿನವೂ ಚೂರುಚೂರಾಗಿ ಕಟ್ಟಿದ ಹಣವನ್ನು ಮೊದಲ ದಿನವೇ ಇಡಿಗಂಟಾಗಿ ಕಟ್ಟಿದ ಹಾಗೆ ಹಿಡಿದು ಬಡ್ಡಿ ಹಾಕಲಾಗಿದೆ. ಕಟ್ಟಿದ ದಿನದಿಂದ ಬಡ್ಡಿ ಹಿಡಿದರೆ ಹೆಚ್ಚೆಂದರೆ ನೂರೈವತ್ತು ವರ್ಷದ ಆಸುಪಾಸು ಬರುತ್ತದೆ. ಎಂಡೆ ಇದನ್ನು ಬೇಕೆಂದೇ ಹೀಗೆ ಬರೆದನೆಂದು ನನ್ನ ಗುಮಾನಿ. ಕನ್ನಡಿ ತುಂಬ ಸೊನ್ನೆಗಳನ್ನು ಕಂಡವನು ಅವು ಎಲ್ಲಿಂದ ಬಂದವೆಂದು ಕೇಳುವುದಿಲ್ಲ. ಫೂಸಿಯೂ ಕೇಳಲಿಲ್ಲ.

ಹಾಗಾದರೆ ಉಳಿಸುವುದು ಎಲ್ಲಿಂದ? ಏಜೆಂಟನ ಸಲಹೆಗಳನ್ನು ಒಂದೊಂದಾಗಿ ನೋಡಬೇಕು. ಗಿರಾಕಿಗೆ ಅರ್ಧ ಗಂಟೆ ಬೇಡ, ಕಾಲು ಗಂಟೆ ಸಾಕು, ಹರಟೆ ನಿಲ್ಲಿಸಿ. ತಾಯಿಯನ್ನು ಅಗ್ಗದ ವೃದ್ಧಾಶ್ರಮಕ್ಕೆ ಸೇರಿಸಿ. ಗಿಳಿಯನ್ನು ಮನೆಯಿಂದ ಸಾಗಹಾಕಿ. ಡಾರಿಯಾಳನ್ನು ನೋಡಲೇಬೇಕಿದ್ದರೆ ಹದಿನೈದು ದಿನಕ್ಕೊಮ್ಮೆ ಹೋಗಿ. ಹೀಗೆ ಕತ್ತರಿ ಬೀಳುವ ಬಾಬತ್ತುಗಳಲ್ಲಿ ಫೂಸಿ ಒಬ್ಬನದೇ ಎನ್ನಬಹುದಾದದ್ದು ಕಿಟಕಿಯ ಬಳಿಯ ಕಾಲು ಗಂಟೆ ಮಾತ್ರ. ಉಳಿದ ಪ್ರತಿ ಬಾಬತ್ತಿನಲ್ಲೂ ಇನ್ನೊಂದು ಜೀವ ಇದೆ. ಅಮ್ಮನ ಜತೆಗಿನ ಒಂದು ಗಂಟೆ ಅಮ್ಮನದೂ ಹೌದು. ಅದನ್ನು ಮಾರುವಾಗ ಆಕೆಯನ್ನು ಕೇಳಿದವರಿಲ್ಲ, ಆಕೆಗೆ ಪಾಲೂ ಇಲ್ಲ.

ಸಮಯದ ವ್ಯಾಪಾರದ ಕಥೆ ಯಾವುದೇ ಇರಲಿ, ಪತ್ರಕ್ಕೆ ಸಹಿ ಹಾಕಿದವರಿಬ್ಬರನ್ನು ಬಿಟ್ಟು ಪಕ್ಕಕ್ಕೆ ನೋಡಿದರೆ ಅಲ್ಲೊಬ್ಬರು ಮೂರನೆಯವರು ನಿಂತಿರುತ್ತಾರೆ. ಮಾರಾಟವಾಗುವುದು ಹೆಚ್ಚಾಗಿ ಅವರ ಸಮಯ.

ಇನ್ನು ಆ ಒಪ್ಪಂದದ ರೂಪ. ಎಲ್ಲ ಒಪ್ಪಿಕೊಂಡ ಮೇಲೆ ಫೂಸಿ, ಕಾಗದಪತ್ರ ಏನಾದರೂ ಬೇಕಲ್ಲವೇ ಎನ್ನುತ್ತಾನೆ. ಏಜೆಂಟ್ ಬೇಡವೆನ್ನುತ್ತಾನೆ. ಇದು ಎರಡೂ ಕಡೆಯ ವಿಶ್ವಾಸದ ಮೇಲೆ ನಡೆಯುವ ವ್ಯವಹಾರ, ನೀವು ಹೂಂ ಅಂದದ್ದೇ ಸಾಕು, ಅದನ್ನು ಮತ್ತೆ ಹಿಂದಕ್ಕೆ ಪಡೆಯುವಂತಿಲ್ಲ. ಅವನು ಹೊರಟು, ಸಿಗಾರಿನ ಹೊಗೆ ಕರಗುತ್ತಿದ್ದಂತೆ ಫೂಸಿಗೆ ಅವನು ಬಂದಿದ್ದೇ ಮರೆತುಹೋಗುತ್ತದೆ. ಕೊಟ್ಟ ಮಾತು ಮಾತ್ರ ಒಳಗೆ ಉಳಿಯುತ್ತದೆ, ಅದೂ ತನ್ನದೇ ಸ್ವಂತ ತೀರ್ಮಾನ ಎಂಬಂತೆ. ರಕ್ತದಲ್ಲಿ ಸಹಿ ಹಾಕಿ 24 ವರ್ಷಕ್ಕೆ ಆತ್ಮವನ್ನು ಒತ್ತೆ ಇಟ್ಟ ಫೌಸ್ಟನ ಕಥೆ 1587ರಲ್ಲಿ ಫ್ರಾಂಕ್‌ಫರ್ಟ್‌ನಲ್ಲಿ ಅಚ್ಚಾಯಿತು. ಆ ಪಿಶಾಚಿ ಎಷ್ಟೋ ವಾಸಿ. ಪತ್ರ ಬರೆಸಿತು, ಅವಧಿ ಹೇಳಿತು, ಗಡುವಿಗೆ ಬಂತು. ಎದುರಾಳಿ ಯಾರೆಂದು ಫೌಸ್ಟನಿಗೆ ಕೊನೆಯವರೆಗೂ ನೆನಪಿತ್ತು.

ಬೂದು ಜನ ಕೂಡಿಟ್ಟದ್ದನ್ನು ಏನು ಮಾಡುತ್ತಾರೆ ಎಂಬುದು ಕಾದಂಬರಿಯ ದೊಡ್ಡ ಗುಟ್ಟು. ಪ್ರತಿ ಮನುಷ್ಯನ ಎದೆಯಲ್ಲಿ ಗಳಿಗೆಗೊಂದರಂತೆ ಹೂ ಅರಳುತ್ತದೆ. ಕದ್ದ ಹೂಗಳು ಒಡೆಯನ ಬಳಿಗೆ ಮರಳಲು ತವಕಿಸುತ್ತವೆ. ಹಾಗಾಗದಂತೆ ಅವನ್ನು ನೆಲಮಾಳಿಗೆಯ ತಿಜೋರಿಯಲ್ಲಿ ಗಾಜಿನಷ್ಟು ಗಡುಸಾಗುವ ಹಾಗೆ ಹೆಪ್ಪುಗಟ್ಟಿಸಿ ಇಡುತ್ತಾರೆ. ಬೇಕಾದಾಗ ಎಸಳು ಕಿತ್ತು, ಒಣಗಿಸಿ, ಸುತ್ತಿ, ಸಿಗಾರ್ ಮಾಡಿ ಸೇದುತ್ತಾರೆ. ಸಿಗಾರ್ ಬಾಯಿಂದ ಬಿದ್ದರೆ ಅವರೂ ಇಲ್ಲ. ಬ್ಯಾಂಕಿನಲ್ಲಿ ಠೇವಣಿ ಎಂಬುದೇ ಇಲ್ಲ, ಬಡ್ಡಿಯ ಮಾತು ದೂರವೇ ಉಳಿಯಿತು. ಅಷ್ಟರಲ್ಲಿ ಊರಿನ ಮಕ್ಕಳಿಗೆ ಅಪ್ಪ ಅಮ್ಮಂದಿರ ಬಿಡುವು ಸಿಗದಂತಾಗಿ, ಅವರನ್ನು ಕೂಡಿಹಾಕಲು ‘ಮಕ್ಕಳ ಡಿಪೋ’ಗಳು ಏಳುತ್ತವೆ. ದೊಡ್ಡವರು ಹೂಂ ಅಂದದ್ದಕ್ಕೆ ಬಾಡಿಗೆ ಕಟ್ಟಿದವರು ಮಕ್ಕಳು.

ಸಮಯ ಮಾರುವುದು ಪಾಪ ಎಂಬ ಮಾತನ್ನು ಎಂಡೆ ಹೊಸದಾಗಿ ಕಂಡುಹಿಡಿದದ್ದಲ್ಲ. ಯೂರೋಪಿನ ಮಧ್ಯಯುಗದಲ್ಲಿ ಬಡ್ಡಿ ವ್ಯಾಪಾರಿಯ ಮೇಲೆ ಚರ್ಚ್ ಹೊರಿಸಿದ ಮುಖ್ಯ ಆರೋಪವೇ ಇದು. ಹದಿಮೂರನೇ ಶತಮಾನದ ಆರಂಭದಲ್ಲಿ ಬರೆದ ಇಂಗ್ಲೆಂಡಿನ ಧರ್ಮಪಂಡಿತ ಥಾಮಸ್ ಆಫ್ ಚೋಬಮ್‌ನ ವಾದದ ತಿರುಳು ಹೀಗೆ: ಸಾಲಗಾರನಿಗೆ ಬಡ್ಡಿಯವನು ಮಾರುವುದು ಏನನ್ನು? ಕೊಟ್ಟ ಹಣ ಹಾಗೆಯೇ ವಾಪಸು ಬರುತ್ತದೆ. ಮಧ್ಯೆ ಕಳೆದದ್ದು ಕಾಲ ಮಾತ್ರ. ಆ ಕಾಲ ದೇವರದು. ಅಂದಮೇಲೆ ಇದು ಪರರ ಸೊತ್ತಿನ ಮಾರಾಟ. ಫ್ರೆಂಚ್ ಇತಿಹಾಸಕಾರ ಜಾಕ್ ಲ ಗೋಫ್ ಈ ವಾದದ ಜಾಡನ್ನೇ ಹಿಡಿದು ಮಧ್ಯಯುಗದ ವ್ಯಾಪಾರಿಗಳ ಮನಸ್ಸನ್ನು ವಿವರಿಸಿದರು. ರೈತ ಮಲಗಿದರೆ ನೇಗಿಲೂ ಮಲಗುತ್ತದೆ. ಬಡ್ಡಿ ಭಾನುವಾರವೂ ದುಡಿಯುತ್ತದೆ, ಹಬ್ಬದ ದಿನವೂ ದುಡಿಯುತ್ತದೆ. ಬಹಿರಂಗವಾಗಿ ಬಡ್ಡಿ ವ್ಯವಹಾರ ಮಾಡುವವರಿಗೆ ಕ್ರೈಸ್ತ ವಿಧಿಯ ಶವಸಂಸ್ಕಾರ ಕೊಡಬಾರದೆಂದು 1179ರ ಮೂರನೇ ಲ್ಯಾಟರನ್ ಸಭೆ ಅಪ್ಪಣೆ ಮಾಡಿತ್ತು. ಆ ದೇವತಾಶಾಸ್ತ್ರವನ್ನು ಈಗ ಯಾರೂ ಗಂಭೀರವಾಗಿ ಹಿಡಿಯುವುದಿಲ್ಲ, ಅದರ ಹೆಸರಲ್ಲಿ ಯಹೂದಿಗಳಿಗೆ ಆದ ಅನ್ಯಾಯವೂ ಸಣ್ಣದಲ್ಲ. ಆದರೂ ಅದರೊಳಗಿನ ಒಂದು ಎಳೆ ಗಟ್ಟಿ: ನಿನ್ನದಲ್ಲದ್ದನ್ನು ಮಾರುತ್ತಿದ್ದೀಯೆ ಎಂಬುದು.

ಎಂಡೆಗೆ ಬಡ್ಡಿಯ ಬಗ್ಗೆ ತಕರಾರು ಇದ್ದದ್ದು ಧರ್ಮದ ಕಾರಣಕ್ಕಲ್ಲ. ಸಿಲ್ವಿಯೋ ಗೆಸೆಲ್ ಎಂಬ ಅರ್ಥಚಿಂತಕನ ವಿಚಾರ ಅವನನ್ನು ಸೆಳೆದಿತ್ತು. ‘ಮೊಮೊ’ದ ಹಿನ್ನೆಲೆಯಲ್ಲಿ ‘ಮುಪ್ಪಾಗುವ ಹಣ’ದ ಕಲ್ಪನೆ ಇದೆ ಎಂದು ಮುಂದೆ ಒಪ್ಪಿಕೊಂಡ. ತರಕಾರಿ ಕೊಳೆಯುತ್ತದೆ, ಕಬ್ಬಿಣ ತುಕ್ಕು ಹಿಡಿಯುತ್ತದೆ, ಹಣಕ್ಕೆ ಮಾತ್ರ ಮುಪ್ಪಿಲ್ಲ. ಅದಕ್ಕೂ ಮುಪ್ಪು ಬರಲಿ ಎಂಬುದು ಗೆಸೆಲ್ ವಾದ. ಆಸ್ಟ್ರಿಯಾದ ವೋರ್ಗ್ಲ್ ಎಂಬ ಸಣ್ಣ ಪಟ್ಟಣ 1932ರಲ್ಲಿ, ಮಹಾ ಆರ್ಥಿಕ ಕುಸಿತದ ನಡುವೆ, ಇದನ್ನು ಮಾಡಿಯೇ ನೋಡಿತು. ಪುರಸಭೆ ಹೊರಡಿಸಿದ ಆ ನೋಟುಗಳ ಮೇಲೆ ತಿಂಗಳಿಗೆ ಶೇ 1ರಷ್ಟು ಬೆಲೆಯ ಅಂಚೆಚೀಟಿಯಂಥದ್ದೊಂದನ್ನು ಅಂಟಿಸಬೇಕು, ಇಲ್ಲವಾದರೆ ನೋಟು ನಡೆಯದು. ಕೂಡಿಟ್ಟವನಿಗೆ ನಷ್ಟ, ಆದ್ದರಿಂದ ಎಲ್ಲರೂ ಬೇಗ ಬೇಗ ಖರ್ಚು ಮಾಡಿದರು; ರಸ್ತೆ, ಸೇತುವೆ ಕೆಲಸ ನಡೆಯಿತು. ಆ ನೋಟಿಗೆ ಇಟ್ಟ ಹೆಸರು ‘ದುಡಿಮೆಯ ದೃಢೀಕರಣ’. ಮರುವರ್ಷ ಆಸ್ಟ್ರಿಯಾದ ಕೇಂದ್ರ ಬ್ಯಾಂಕ್ ಅದನ್ನು ನಿಲ್ಲಿಸಿತು. ಹೆಪ್ಪುಗಟ್ಟಿಸಿದ ಹೂವಿನ ತಿಜೋರಿ ಎಲ್ಲಿಂದ ಬಂತೆಂದು ಇದನ್ನು ಓದಿದವರಿಗೆ ಹೇಳಬೇಕಿಲ್ಲ.

ನಮ್ಮ ಕಡೆಯ ಅತಿ ಪ್ರಸಿದ್ಧ ಸಮಯದ ಒಪ್ಪಂದ ಯಯಾತಿಯದು. ಶುಕ್ರಾಚಾರ್ಯರ ಶಾಪದಿಂದ ಅಕಾಲ ಮುಪ್ಪು ಬಂತು. ಬೇರೆಯವರು ಒಪ್ಪಿ ಪಡೆದರೆ ವರ್ಗಾಯಿಸಬಹುದೆಂಬ ರಿಯಾಯಿತಿಯೂ ಜತೆಗೆ ಬಂತು. ಯಯಾತಿ ಐವರು ಮಕ್ಕಳನ್ನು ಸಾಲಾಗಿ ಕೇಳುತ್ತಾನೆ. ಯದು, ತುರ್ವಸು, ದ್ರುಹ್ಯು, ಅನು ನಾಲ್ವರೂ ಒಲ್ಲೆವೆನ್ನುತ್ತಾರೆ. ಮಹಾಭಾರತದ ಆದಿಪರ್ವದಲ್ಲಿ ಅವರು ಕೊಡುವ ಕಾರಣಗಳು ಮುಪ್ಪಿನ ಮೇಲಿನ ದೂರುಪಟ್ಟಿಯ ಹಾಗಿವೆ: ಗಡ್ಡ ನೆರೆಯುತ್ತದೆ, ಚರ್ಮ ಸುಕ್ಕಾಗುತ್ತದೆ, ತಿಂದದ್ದು ಸೇರುವುದಿಲ್ಲ, ಆನೆ ಕುದುರೆ ಏರಲಾಗುವುದಿಲ್ಲ, ನಾಲಿಗೆ ತೊದಲುತ್ತದೆ. ಕಿರಿಯ ಪೂರು ಒಪ್ಪಿದ. ಸಾವಿರ ವರ್ಷದ ಅವಧಿ, ಆಮೇಲೆ ಯೌವನ ವಾಪಸು, ಪ್ರತಿಫಲವಾಗಿ ಸಿಂಹಾಸನ. ಯಯಾತಿ ಮಾತಿಗೆ ತಪ್ಪಲಿಲ್ಲ. ಒಪ್ಪಂದವಾಗಿ ನೋಡಿದರೆ ಚೊಕ್ಕ ವ್ಯವಹಾರ. ಅವಧಿ, ಷರತ್ತು, ವಾಪಸಾತಿ ಎಲ್ಲ ಇದೆ. ಒಲ್ಲೆನೆಂದವರಿಗೆ ಶಾಪ ಸಿಕ್ಕಿತು ಎಂಬುದನ್ನು ಬದಿಗಿಟ್ಟರೆ, ಅಂದರೆ ಬದಿಗಿಡಲು ಸಾಧ್ಯವಾದರೆ.

ಆ ಪ್ರಸಂಗದಲ್ಲಿ ಪೂರುವಿನ ಹೆಂಡತಿಯ ಸುದ್ದಿಯೇ ಇಲ್ಲ. ಗಿರೀಶ ಕಾರ್ನಾಡರು ಕೈ ಹಾಕಿದ್ದು ಅಲ್ಲಿಗೆ. 1961ರಲ್ಲಿ ಧಾರವಾಡದ ಮನೋಹರ ಗ್ರಂಥಮಾಲೆ ಪ್ರಕಟಿಸಿದ ‘ಯಯಾತಿ’ ನಾಟಕಕ್ಕೆ ಅವರು ಚಿತ್ರಲೇಖೆಯನ್ನು ತಂದರು, ಹೊಸದಾಗಿ ಮದುವೆಯಾಗಿ ಬಂದ ಸೊಸೆಯಾಗಿ. ಗಂಡ ತನ್ನ ಯೌವನವನ್ನು ಅಪ್ಪನಿಗೆ ಕೊಟ್ಟ. ಆ ಯೌವನದಲ್ಲಿ ತನ್ನ ಪಾಲೂ ಇತ್ತಲ್ಲ ಎಂದು ಕೇಳುವವಳು ಇವಳೊಬ್ಬಳೇ. ಯಯಾತಿಯ ಎದುರು ನಿಂತು ಅವಳು ಆ ತರ್ಕವನ್ನು ಕೊನೆಯ ತನಕ ಎಳೆಯುತ್ತಾಳೆ: ಗಂಡನ ಯೌವನ ಈಗ ಯಾರಲ್ಲಿದೆಯೋ ಅವನೇ ಆ ಜಾಗ ತುಂಬಲಿ. ಮಾವ ತಬ್ಬಿಬ್ಬಾಗುತ್ತಾನೆ. ಅವಳು ವಿಷ ಕುಡಿಯುತ್ತಾಳೆ, ಯಯಾತಿ ಮುಪ್ಪನ್ನು ವಾಪಸು ಪಡೆಯುತ್ತಾನೆ. ಮಹಾಭಾರತದಲ್ಲಿ ಸಾವಿರ ವರ್ಷ ನಡೆದ ಒಪ್ಪಂದ ಇಲ್ಲಿ ಒಂದು ರಾತ್ರಿಯೂ ನಡೆಯುವುದಿಲ್ಲ. ಆಕ್ಸ್‌ಫರ್ಡ್‌ಗೆ ಹೊರಟು ನಿಂತ ಇಪ್ಪತ್ತೆರಡರ ಹರೆಯದ ಹುಡುಗನಿಗೆ ಮನೆಯವರ ನಿರೀಕ್ಷೆಗಳ ಭಾರವೇ ಈ ಕಥೆಯನ್ನು ತಂದುಕೊಟ್ಟಿತೆಂದು ಕಾರ್ನಾಡರೇ ಹೇಳಿಕೊಂಡಿದ್ದುಂಟು. ಮಗನ ಸಿಟ್ಟಿನಿಂದ ಹುಟ್ಟಿದ ನಾಟಕದಲ್ಲಿ ಎಲ್ಲರಿಗಿಂತ ಖಡಕ್ಕಾದ ಪ್ರಶ್ನೆ ಸೊಸೆಯ ಬಾಯಲ್ಲಿದೆ ಎಂಬುದು ನನಗೆ ಇವತ್ತಿಗೂ ಆ ನಾಟಕದ ದೊಡ್ಡ ಗೆಲುವಾಗಿ ಕಾಣುತ್ತದೆ.

ಅದೇ ಆದಿಪರ್ವದಲ್ಲಿ ಇದಕ್ಕೆ ಉಲ್ಟಾ ಕಥೆಯೂ ಇದೆ, ಅಷ್ಟು ಪ್ರಸಿದ್ಧವಲ್ಲ. ರುರು ಎಂಬ ಋಷಿಕುಮಾರ ಮದುವೆಯಾಗಬೇಕಿದ್ದ ಪ್ರಮದ್ವರೆ ಹಾವು ಕಚ್ಚಿ ಸತ್ತಳು. ಕಾಡಿಗೆ ಹೋಗಿ ಅಳುತ್ತಿದ್ದವನಿಗೆ ದೇವದೂತ ಉಪಾಯ ಹೇಳಿದ: ನಿನ್ನ ಆಯುಷ್ಯದಲ್ಲಿ ಅರ್ಧ ಕೊಟ್ಟರೆ ಅವಳು ಏಳುತ್ತಾಳೆ. ರುರು ಚೌಕಾಸಿಯೇ ಮಾಡದೆ ಒಪ್ಪಿದ. ಆಮೇಲೆ ದೇವದೂತ ಧರ್ಮರಾಜನ ಬಳಿ ಹೋಗಿ ಅನುಮತಿ ಕೇಳಿದ, ಧರ್ಮರಾಜ ಆಗಲಿ ಅಂದ. ನಾನು ಬಲ್ಲ ಇಂಥ ಕಥೆಗಳಲ್ಲಿ ತಕರಾರಿಲ್ಲದ ಪತ್ರ ಇದೊಂದೇ. ಕೊಟ್ಟವನು ಕೊಟ್ಟದ್ದು ತನ್ನ ಪಾಲಿನಿಂದ, ಪಡೆದವಳೊಂದಿಗೇ ಅದನ್ನು ಕಳೆಯುತ್ತಾನೆ, ನಡುವೆ ಆಯುಷ್ಯದ ಲೆಕ್ಕ ಇಡುವ ದೇವರ ಒಪ್ಪಿಗೆಯೂ ಇದೆ. ಉಳಿದ ಅರ್ಧ ಆಯುಷ್ಯದಲ್ಲಿ ರುರು ಮಾಡಿದ್ದೇನು ಎಂದು ಕೇಳಬೇಡಿ. ದೊಣ್ಣೆ ಹಿಡಿದು ಕಂಡ ಕಂಡ ಹಾವುಗಳನ್ನು ಬಡಿಯುತ್ತ ತಿರುಗಿದ, ಕೊನೆಗೆ ವಿಷವಿಲ್ಲದ ಡುಂಡುಭವೊಂದು ಬಾಯಿ ಬಿಟ್ಟು ಬುದ್ಧಿ ಹೇಳುವವರೆಗೆ.

ಯೂರೋಪಿಗೆ ಒಮ್ಮೆ ಮರಳಿದರೆ, ಬಾಲ್ಜಾಕ್ 1831ರ ಕಾದಂಬರಿಯಲ್ಲಿ ಆಯುಷ್ಯವನ್ನು ಒಂದು ತುಂಡು ಚರ್ಮವಾಗಿಸಿದ. ಜೂಜಿನಲ್ಲಿ ಕೊನೆಯ ನಾಣ್ಯ ಸೋತು ನದಿಗೆ ಹಾರಲು ಹೊರಟ ರಫಾಯೆಲ್‌ಗೆ ಹಳೆ ಸಾಮಾನಿನ ಅಂಗಡಿಯಲ್ಲಿ ಅದು ಸಿಗುತ್ತದೆ. ಬೇಡಿದ್ದೆಲ್ಲ ಕೊಡುತ್ತದೆ, ಕೊಟ್ಟಷ್ಟೂ ಕುಗ್ಗುತ್ತದೆ, ಅದು ಕುಗ್ಗಿದಷ್ಟು ಇವನ ಆಯುಷ್ಯವೂ ಕುಗ್ಗುತ್ತದೆ. ಹೆದರಿದವನು ಪ್ರಾಣಿಶಾಸ್ತ್ರಜ್ಞ, ಯಂತ್ರಶಾಸ್ತ್ರಜ್ಞ, ರಸಾಯನಶಾಸ್ತ್ರಜ್ಞ ಎಂದು ಒಬ್ಬೊಬ್ಬರ ಬಾಗಿಲಿಗೆ ಚರ್ಮ ಹಿಡಿದು ಅಲೆಯುತ್ತಾನೆ. ಒತ್ತುಯಂತ್ರಕ್ಕೆ ಕೊಟ್ಟು ಹಿಗ್ಗಿಸಲು ನೋಡಿದರೆ ಯಂತ್ರ ಮುರಿಯುತ್ತದೆ, ಚರ್ಮ ಹಾಗೇ ಇರುತ್ತದೆ. ಇಲ್ಲೂ ಪಕ್ಕದಲ್ಲೊಬ್ಬಳಿದ್ದಾಳೆ, ಪಾಲಿನ್. ತನ್ನ ಮೇಲಿನ ಆಸೆಯೇ ಅವನ ಕೊನೆಯ ತುಂಡನ್ನು ತಿನ್ನುತ್ತಿದೆ ಎಂದು ತಿಳಿದಾಗ ಅವಳು ತನ್ನ ಕುತ್ತಿಗೆಗೇ ಕುಣಿಕೆ ಬಿಗಿದುಕೊಳ್ಳಲು ಹೊರಡುತ್ತಾಳೆ.

2011ರಲ್ಲಿ ಬಂದ ಆಂಡ್ರ್ಯೂ ನಿಕೋಲ್ ನಿರ್ದೇಶನದ ‘ಇನ್ ಟೈಮ್’ ಸಿನಿಮಾ ಒಪ್ಪಂದದ ಮಾತನ್ನೇ ಎತ್ತದೆ ಇಡೀ ಸಮಾಜವನ್ನು ಸಮಯದ ನಾಣ್ಯದ ಮೇಲೆ ನಿಲ್ಲಿಸಿತು. ಇಪ್ಪತ್ತೈದಕ್ಕೆ ಎಲ್ಲರ ವಯಸ್ಸು ನಿಲ್ಲುತ್ತದೆ, ಮುಂಗೈ ಮೇಲೆ ಹಸಿರು ಅಂಕಿಗಳ ಗಡಿಯಾರ ಓಡತೊಡಗುತ್ತದೆ. ಸಂಬಳ ಗಂಟೆಗಳಲ್ಲಿ, ಕಾಫಿಗೆ ನಾಲ್ಕು ನಿಮಿಷ. ಸೊನ್ನೆಯಾದರೆ ನಿಂತಲ್ಲೇ ಸಾವು. ಸಿನಿಮಾದ ದ್ವಿತೀಯಾರ್ಧ ಬರೀ ಓಟ, ಅದರ ಬಗ್ಗೆ ಹೆಚ್ಚು ಹೇಳುವಂಥದ್ದಿಲ್ಲ. ಆದರೆ ಮೊದಲರ್ಧದ ಒಂದು ಪ್ರಸಂಗ ಅರ್ಥಶಾಸ್ತ್ರದ ಪಾಠವಿದ್ದಂತೆ. ನಾಯಕನ ತಾಯಿ ಸಾಲದ ಕಂತು ಕಟ್ಟಿ, ಉಳಿದ ಗಂಟೆ ನೋಡಿಕೊಂಡು ಬಸ್ಸು ಹತ್ತುತ್ತಾಳೆ. ಒಂದು ಗಂಟೆಯಿದ್ದ ಟಿಕೆಟ್ಟು ಆ ದಿನ ಎರಡು ಗಂಟೆ ಆಗಿರುತ್ತದೆ. ಡ್ರೈವರ್ ಇಳಿಸುತ್ತಾನೆ, ಅವಳು ಓಡುತ್ತಾಳೆ, ಮಗ ಎದುರಿನಿಂದ ಓಡಿ ಬರುತ್ತಾನೆ, ಕೈಗೆ ಕೈ ತಾಗುವಷ್ಟರಲ್ಲಿ ಮುಗಿದಿರುತ್ತದೆ. ಅವಳು ಯಾವ ಪಿಶಾಚಿಯ ಜತೆಗೂ ಪತ್ರ ಮಾಡಿಕೊಂಡವಳಲ್ಲ. ಟಿಕೆಟ್ಟಿನ ದರ ಏರಿತು, ಅಷ್ಟೇ.

ಸಮಯವನ್ನು ಸಮಯಕ್ಕೇ ವಿನಿಮಯ ಮಾಡಿ ಬದುಕಿದ ಸಮಾಜಗಳೂ ಇವೆ, ಮಾಯೆ ಮಂತ್ರ ಏನೂ ಇಲ್ಲದೆ. ನಮ್ಮ ಮಲೆನಾಡು, ಕರಾವಳಿಯ ಮುಯ್ಯಾಳು ಪದ್ಧತಿ ಇದರ ಸರಳ ರೂಪ. ಇವತ್ತು ನಿಮ್ಮ ಗದ್ದೆಯ ನಾಟಿಗೆ ನಮ್ಮ ಮನೆಯಿಂದ ಆಳು, ನಾಡಿದ್ದು ನಮ್ಮದಕ್ಕೆ ನಿಮ್ಮ ಮನೆಯಿಂದ. ದಿನಕ್ಕೆ ದಿನ, ಕೂಲಿಯಿಲ್ಲ, ಬಡ್ಡಿಯಿಲ್ಲ, ಊಟ ಗದ್ದೆಯವರದು. ಮಳೆಗಾಲದ ಕೆಲವೇ ದಿನಗಳಲ್ಲಿ ನಾಟಿ ಮುಗಿಯಬೇಕಾದ ಕಡೆ, ಕೈಯಲ್ಲಿ ದುಡ್ಡಿಲ್ಲದ ಕಾಲದಲ್ಲಿ, ಇದಕ್ಕಿಂತ ಜಾಣ ಏರ್ಪಾಡು ಇರಲಿಲ್ಲ. ಹಾಗೆಂದು ಇದನ್ನು ಹೊಗಳಿ ಅಟ್ಟಕ್ಕೇರಿಸುವುದೂ ಬೇಡ. ಮುಯ್ಯಿಯ ಋಣ ಇರುವುದು ಮನೆಯ ಮೇಲೆ, ಒಬ್ಬ ವ್ಯಕ್ತಿಯ ಮೇಲಲ್ಲ. ಆಳು ಕಳಿಸುತ್ತೇವೆ ಎಂದು ಜಗಲಿಯಲ್ಲಿ ಕೂತು ಮಾತು ಕೊಡುವವರು ಒಬ್ಬರು, ಕೆಸರಿನಲ್ಲಿ ದಿನವಿಡೀ ಬಗ್ಗುವವರು ಇನ್ನೊಬ್ಬರು. ಎಷ್ಟೋ ಮನೆಗಳಲ್ಲಿ ಅವರು ಸೊಸೆಯಂದಿರು.

ಅಮೆರಿಕದ ಸಿನ್ಸಿನಾಟಿಯಲ್ಲಿ ಜೋಸಾಯಾ ವಾರೆನ್ 1827ರಲ್ಲಿ ತೆರೆದ ‘ಟೈಮ್ ಸ್ಟೋರ್’ನಲ್ಲಿ ಗಡಿಯಾರವೇ ತಕ್ಕಡಿ. ಸಾಮಾನಿಗೆ ಅಸಲು ಬೆಲೆ. ಅಂಗಡಿಯವನು ನಿಮಗಾಗಿ ಎಷ್ಟು ನಿಮಿಷ ನಿಂತನೋ ಅಷ್ಟು ನಿಮಿಷದ ದುಡಿಮೆ ಕೊಡುವೆನೆಂದು ಚೀಟಿ ಬರೆದುಕೊಡಬೇಕು. ಚೌಕಾಸಿ ಮಾಡಿದರೆ ಚೌಕಾಸಿಯ ಹೊತ್ತೂ ಲೆಕ್ಕಕ್ಕೆ! ಮೂರು ವರ್ಷ ಚೆನ್ನಾಗಿಯೇ ನಡೆಸಿ, ತನ್ನ ವಾದ ಸಾಬೀತಾಯಿತೆಂದು ಅವನೇ ಮುಚ್ಚಿದ.

ಎಂಡೆಯ ಬೂದು ಬ್ಯಾಂಕು ಅಚ್ಚಾದ ಅದೇ 1973ರಲ್ಲಿ ಜಪಾನಿನ ಒಸಾಕಾದಲ್ಲಿ ತೆರುಕೊ ಮಿಜುಶಿಮಾ ಎಂಬ ಗೃಹಿಣಿ ಶ್ರಮದ ಬ್ಯಾಂಕೊಂದನ್ನು ನಿಜವಾಗಿಯೇ ತೆರೆದರು. ಒಬ್ಬರಿಗೊಬ್ಬರು ಗೊತ್ತಿರಲು ಕಾರಣವಿಲ್ಲ, ಬರೀ ಕಾಕತಾಳೀಯ. ಆಕೆಯ ಯೋಚನೆ ಹುಟ್ಟಿದ್ದು ಯುದ್ಧಕಾಲದ ಮತ್ತು ಯುದ್ಧಾನಂತರದ ಅಭಾವದಲ್ಲಿ. ಹೆಂಗಸರು ಬಾಣಂತಿಗೆ, ಕಾಯಿಲೆಯವರಿಗೆ, ವಯಸ್ಸಾದವರಿಗೆ ಮಾಡುವ ಆರೈಕೆಗೆ ಪೇಟೆಯಲ್ಲಿ ಬೆಲೆಯಿಲ್ಲ. ಗಂಟೆಗಳಲ್ಲಾದರೂ ಅದನ್ನು ಬರೆದಿಡೋಣ, ಮುಂದೆ ತಮಗೆ ಬೇಕಾದಾಗ ತೆಗೆಯಲಿ. ಇದೇ ಜಾಡಿನಲ್ಲಿ ಮುಂದೆ ಬಂದ ‘ಫುರೆಯಾಯ್ ಕಿಪ್ಪು’ ವ್ಯವಸ್ಥೆಗಳಲ್ಲಿ ಇನ್ನೊಂದು ಸೌಲಭ್ಯ ಸೇರಿತು. ಮಗ ತಾನಿರುವ ನಗರದಲ್ಲಿ ಯಾರದೋ ಮುದಿ ತಾಯಿಯನ್ನು ನೋಡಿಕೊಂಡು ಗಳಿಸಿದ ಗಂಟೆಗಳನ್ನು ದೂರದ ಊರಿನಲ್ಲಿರುವ ತನ್ನ ತಾಯಿಯ ಹೆಸರಿಗೆ ವರ್ಗ ಮಾಡಬಹುದು, ಅಲ್ಲಿ ಇನ್ಯಾರೋ ಹೋಗಿ ಆಕೆಯನ್ನು ನೋಡಿಕೊಳ್ಳುತ್ತಾರೆ. ಅಮ್ಮನ ಗಂಟೆ ಇಲ್ಲಿ ಅಮ್ಮನ ಖಾತೆಗೇ ಬೀಳುತ್ತದೆ. ಮಗನೇ ಪಕ್ಕದಲ್ಲಿ ಕೂತು ಮಾತಾಡಿದ ಹಾಗಾಯಿತೇ ಎಂದು ಕೇಳಿದರೆ, ಇಲ್ಲ. ಆದರೂ ಏಜೆಂಟನ ವೃದ್ಧಾಶ್ರಮದ ಸಲಹೆಗಿಂತ ಎಷ್ಟೋ ಮೇಲು.

ಆದರೆ ಕರ್ನಾಟಕದ ಓದುಗರಿಗೆ ಬೂದು ಏಜೆಂಟನ ಕಥೆ ಓದುವಾಗ ಮೊದಲು ನೆನಪಾಗುವುದು ಜಪಾನಲ್ಲ. ಮುಂಗಡ ಪಡೆದು, ತೀರುವವರೆಗೆ ಧಣಿಯ ಮನೆಯಲ್ಲಿ ದುಡಿಯುವ ಜೀತ ನಮ್ಮಲ್ಲಿ ಕಥೆಯಾಗಿರಲಿಲ್ಲ. ಶಿವರಾಮ ಕಾರಂತರ ‘ಚೋಮನ ದುಡಿ’ಯಲ್ಲಿ ಸಾಲ ಮಾಡಿದವನು ಚೋಮ, ಅದನ್ನು ತೀರಿಸಲು ಕಾಫಿ ತೋಟಕ್ಕೆ ಹೋದವರು ಅವನ ಮಕ್ಕಳು. ಮದುವೆಗೋ ಕಾಯಿಲೆಗೋ ಅಪ್ಪ ಪಡೆದ ಸಣ್ಣ ಮೊತ್ತಕ್ಕೆ ಮಗ ದುಡಿದು, ಅವನ ಊಟ ಬಟ್ಟೆಯ ಖರ್ಚೂ ಅಸಲಿಗೆ ಸೇರಿ, ಮೊಮ್ಮಗನ ಕಾಲಕ್ಕೂ ಚುಕ್ತಾ ಆಗದ ಲೆಕ್ಕಗಳಿದ್ದವು. ಅಲ್ಲೂ ಪತ್ರ ಇರುತ್ತಿದ್ದದ್ದು ಅಪರೂಪ. ಇದ್ದರೂ ಓದಲು ಬಾರದವನ ಹೆಬ್ಬೆಟ್ಟು. ಪುಸ್ತಕ ಇರುತ್ತಿದ್ದದ್ದು ಸಾಹುಕಾರನ ಬಳಿ.

1976ರ ಜೀತ ಪದ್ಧತಿ ರದ್ದತಿ ಕಾಯ್ದೆಯನ್ನು ಈ ಕಥೆಗಳ ಜತೆ ಇಟ್ಟು ಓದಿದರೆ, ಅದನ್ನು ಬರೆದವರಿಗೆ ಮೂರನೆಯವರ ವಿಚಾರ ಚೆನ್ನಾಗಿ ಗೊತ್ತಿತ್ತು ಅನ್ನಿಸುತ್ತದೆ. ಸಾಲಗಾರ ತಾನೇ ದುಡಿದರೆ ಮಾತ್ರ ಜೀತ ಎಂದು ಅದು ಹೇಳುವುದಿಲ್ಲ. ಕುಟುಂಬದ ಯಾರಿಂದಲೇ ಆಗಲಿ, ಅವನನ್ನು ಅವಲಂಬಿಸಿದ ಯಾರಿಂದಲೇ ಆಗಲಿ ದುಡಿಸಿಕೊಂಡರೂ ಜೀತವೇ. ಹಿರಿಯರಿಂದ ಬಳುವಳಿಯಾಗಿ ಬಂದ ಋಣಕ್ಕೆ ದುಡಿದರೂ ಜೀತವೇ. ಬಾಯಿಮಾತಿನ ಕರಾರನ್ನೂ ಬರಹದ ಕರಾರಿನಷ್ಟೇ ಅದು ಹಿಡಿಯುತ್ತದೆ. ಜೀತದ ಸಾಲವೆಲ್ಲ ಕಾಯ್ದೆ ಬಂದ ದಿನದಿಂದಲೇ ವಜಾ. ಒತ್ತೆ ಇಟ್ಟ ಆಸ್ತಿ ವಾಪಸು. ವಜಾ ಆದ ಸಾಲಕ್ಕೆ ಹಣ ಪಡೆದ ಧಣಿಗೆ ಮೂರು ವರ್ಷದವರೆಗೆ ಜೈಲು. ಇದು ಜೀತದ ಸಾಲ ಎಂದು ದುಡಿದವನು ಹೇಳಿದರೆ, ಅಲ್ಲವೆಂದು ರುಜುವಾತು ಮಾಡುವ ಹೊಣೆ ಸಾಲ ಕೊಟ್ಟವನದು. ಪುಸ್ತಕ ಇದ್ದದ್ದು ಅವನ ಬಳಿಯೇ ತಾನೆ.

ಹೂಂ ಅಂದ ಒಂದು ಮಾತಿನಿಂದ ಶುರುವಾಗುವ ಜೀತದಿಂದ ಹೊರಬರಲು ಮಾತ್ರ ಕಾಗದ ಬೇಕು. ಅಧಿಕಾರಿಗಳು ವಿಚಾರಣೆ ನಡೆಸಿ ಬಿಡುಗಡೆ ಪತ್ರ ಕೊಡಬೇಕು, ಪುನರ್ವಸತಿಯ ಪೂರ್ತಿ ನೆರವು ಅದರ ಮೇಲೆ ನಿಂತಿದೆ. 2016ರಲ್ಲಿ ಪರಿಷ್ಕರಿಸಿದ ಕೇಂದ್ರದ ಯೋಜನೆಯಲ್ಲಿ ವಯಸ್ಕ ಗಂಡಸಿಗೆ ಒಂದು ಲಕ್ಷ ರೂಪಾಯಿ, ಹೆಂಗಸರು ಮತ್ತು ಮಕ್ಕಳಿಗೆ ಎರಡು ಲಕ್ಷ, ಅತಿ ಕ್ರೂರ ಶೋಷಣೆಯ ಪ್ರಕರಣಗಳಲ್ಲಿ ಮೂರು ಲಕ್ಷ ಎಂದಿದೆ. ಮೊತ್ತ ನಿರ್ಧಾರವಾಗುವುದು ಯಾವ ವರ್ಗಕ್ಕೆ ಸೇರಿದವರು ಎಂಬುದರ ಮೇಲೆ. ಎಷ್ಟು ವರ್ಷ ದುಡಿದರು ಎಂಬ ಕಾಲಂ ಆ ಲೆಕ್ಕದಲ್ಲಿಲ್ಲ. ಎರಡು ವರ್ಷ ಇದ್ದವನಿಗೂ ಇಪ್ಪತ್ತು ವರ್ಷ ಇದ್ದವನಿಗೂ ಒಂದೇ ಲಕ್ಷ.